ಬೇರೆ ಸಮುದಾಯದವರನ್ನು ಚಿತ್ರಿಸುವಾಗ: ಸದ್ದು, ಲೆನ್ಸ್, ಸಬ್‌ಟೈಟಲ್

ಬೇರೆ ಸಮುದಾಯದವರ ಬದುಕಿನ ಬಗ್ಗೆ ಸಾಕ್ಷ್ಯಚಿತ್ರ ಮಾಡುವಾಗ ಮೊದಲು ಸದ್ದಿನ ವಿಷಯ, ಏಕೆಂದರೆ ಹೆಚ್ಚಿನವರು ಎಡವುವುದು ಇಲ್ಲೇ. ಫ್ರೆಂಚ್ ನಿರ್ದೇಶಕ ಝಾನ್ ರೂಶ್ ಪಶ್ಚಿಮ ಆಫ್ರಿಕಾದ ನೈಜರ್ ನದಿಯ ಸೊರ್ಕೊ ಬೆಸ್ತರ ನೀರಾನೆ ಬೇಟೆಯನ್ನು ಚಿತ್ರಿಸಿ, ಅವರದೇ ಬೇಟೆಯ ಸಂಗೀತವನ್ನು ಹಿನ್ನೆಲೆಗೆ ಹಾಕಿದ್ದರು. 1950ರ ದಶಕದಲ್ಲಿ ಅದನ್ನು ಅವರ ಊರಲ್ಲೇ ತೋರಿಸಿದಾಗ ಬೇಟೆಗಾರರು ಒಪ್ಪಲಿಲ್ಲ. ಬೇಟೆಯಲ್ಲಿ ಪಿಟ್ಟೆನ್ನುವ ಹಾಗಿಲ್ಲ, ಈ ಗದ್ದಲಕ್ಕೆ ನೀರಾನೆ ಓಡಿಹೋಗುತ್ತದೆ ಎಂಬುದು ಅವರ ತಕರಾರು. ರೂಶ್ ಸಂಗೀತ ತೆಗೆದರು.

ಇಂಥ ಸಂಗೀತದ ಮೊರೆ ಹೋಗದಿರಲು ಪ್ರತಿ ಜಾಗದಲ್ಲೂ ಎಲ್ಲರೂ ಸುಮ್ಮನಿದ್ದು, ಒಂದು ನಿಮಿಷ ಅಲ್ಲಿಯ ಸದ್ದನ್ನಷ್ಟೇ ರೆಕಾರ್ಡ್ ಮಾಡಿಕೊಳ್ಳಿ. ಅದಿಲ್ಲದಿದ್ದರೆ ಎರಡು ಶಾಟ್‌ಗಳ ನಡುವೆ ಸದ್ದು ಕಡಿಯುತ್ತದೆ, ಆ ಸಂದಿಗೆ ಎಲ್ಲಿಂದಲೋ ತಂದ ಕೊಳಲು, ತಮಟೆ ಬಂದು ಕೂರುತ್ತವೆ.

ಲೆನ್ಸ್ 24ರಿಂದ 35 ಎಂಎಂ ಸಾಕು, ಹತ್ತಿರ ಹೋಗಿ. ದೂರದಿಂದ ಟೆಲಿ ಲೆನ್ಸ್‌ನಲ್ಲಿ ಕದ್ದು ತೆಗೆದರೆ ಮನುಷ್ಯರು ವನ್ಯಜೀವಿಗಳ ಹಾಗೆ ಕಾಣುತ್ತಾರೆ. ಮಡಕೆ ಮಾಡುವುದನ್ನು ತೆಗೆಯುತ್ತಿದ್ದರೆ ಮಣ್ಣು ತುಳಿಯುವುದರಿಂದ ಹಿಡಿದು ಕೈ ತೊಳೆಯುವವರೆಗೆ ಕ್ಯಾಮೆರಾ ನಿಲ್ಲಿಸಬೇಡಿ.

ದೃಶ್ಯವನ್ನು ಮತ್ತೆ ಮಾಡಿಸಬೇಕಾಗಿ ಬಂದರೆ ಅದನ್ನು ಚಿತ್ರದಲ್ಲೇ ಹೇಳಿ. ಉತ್ತರ ಧ್ರುವದ ಬಳಿಯ ಇನುಯಿಟ್ ಜನರ ಬಗ್ಗೆ ನಿರ್ದೇಶಕ ರಾಬರ್ಟ್ ಫ್ಲಾಹರ್ಟಿ ತೆಗೆದ 1922ರ 'ನಾನೂಕ್ ಆಫ್ ದಿ ನಾರ್ತ್'ನಲ್ಲಿ ಇಗ್ಲೂವಿನೊಳಗೆ (ಹಿಮದ ಮನೆ) ಬೆಳಕು ಸಾಲದೆ, ಒಂದು ಬದಿ ತೆರೆದ ಇಗ್ಲೂ ಕಟ್ಟಿಸಿ ಅದರಲ್ಲಿ ಸಂಸಾರವನ್ನು ಮಲಗಿಸಿದರು. ಬಂದೂಕು ಬಳಸುತ್ತಿದ್ದವರ ಕೈಗೆ ಭರ್ಜಿ ಕೊಟ್ಟರು. ನಾನೂಕ್ ಎಂಬುದೂ ಚಿತ್ರದ ನಾಯಕನ ನಿಜವಾದ ಹೆಸರಲ್ಲ, ಆತ ಅಲ್ಲಕರಿಯಲ್ಲಕ್. ಫ್ಲಾಹರ್ಟಿ ಅಲ್ಲೇ ಫಿಲ್ಮ್ ತೊಳೆದು ಇನುಯಿಟ್ ಜನರಿಗೆ ತೋರಿಸುತ್ತಿದ್ದರು, ಅವರ ಸಹಕಾರವೂ ಇತ್ತು. ಆದರೆ ಇದ್ಯಾವುದೂ ನೋಡುಗರಿಗೆ ಗೊತ್ತಾಗಲಿಲ್ಲ. ಹೀಗಾಗಿ ಆ ಕಾಲದ ಇನುಯಿಟ್ ಜನ ಹಳೆಯ ಕಾಲದಲ್ಲೇ ನಿಂತುಬಿಟ್ಟವರಂತೆ ಕಂಡರು.

ಸಬ್‌ಟೈಟಲ್ ಎರಡು ಸಾಲು ಮೀರಬಾರದು, ತೆರೆಯ ಮೇಲೆ ಕನಿಷ್ಠ 1 ಸೆಕೆಂಡ್, ಹೆಚ್ಚೆಂದರೆ 6 ಸೆಕೆಂಡ್ ಇರಲಿ. ದುಭಾಷಿ ಹೇಳಿದ ಸಾರಾಂಶ ನಂಬಿ ಬರೆಯಬೇಡಿ. ಆ ಭಾಷೆಯವರೊಬ್ಬರ ಜೊತೆ ಕೂತು, ಮೊದಲು ಮಾತನ್ನು ಇದ್ದ ಹಾಗೇ ಬರೆಸಿಕೊಂಡು ಆಮೇಲೆ ಅನುವಾದಿಸಿ. ಸಾರಾಂಶದಲ್ಲಿ ತಮಾಷೆ, ಬೈಗುಳ, ಗೊಣಗಾಟ ಎಲ್ಲ ಸೋರಿಹೋಗಿ ಅಜ್ಜಿಯೊಬ್ಬಳು ಉಪದೇಶ ಕೊಟ್ಟಂತೆ ಉಳಿಯುತ್ತದೆ. ನಿರೂಪಣೆಯಲ್ಲೂ 'ಇವರು ಹೀಗೆ ನಂಬುತ್ತಾರೆ' ಬೇಡ. ಯಾರು ಹೇಳಿದರೋ ಅವರ ದನಿಯಲ್ಲೇ ಕೇಳಿಸಿ.

ರಫ್ ಕಟ್ (ಚಿತ್ರದ ಮೊದಲ ಒರಟು ಸಂಕಲನ) ಇನ್ನೂ ಬದಲಾಯಿಸಬಹುದಾದ ಹಂತದಲ್ಲಿದ್ದಾಗಲೇ ಆ ಸಮುದಾಯದವರಿಗೆ ತೋರಿಸಿ, ನಡುನಡುವೆ ನಿಲ್ಲಿಸಿ ಮಾತಾಡಲು ಬಿಡಿ. ಮುಖಂಡರೆದುರು ಹೆಂಗಸರು ಬಾಯಿ ಬಿಡದಿದ್ದರೆ ಅವರಿಗೆ ಬೇರೆಯಾಗಿ ತೋರಿಸಿ. ಪೂಜೆಯ ಯಾವ ಭಾಗವನ್ನು ಯಾರು ನೋಡಬಾರದು ಎಂದು ಕೇಳಿ ಬರೆದಿಟ್ಟುಕೊಳ್ಳಿ. ತೆಗೆಯಿರಿ ಎಂದ ದೃಶ್ಯವನ್ನು ಟ್ರೇಲರ್‌ನಿಂದಲೂ ಪೋಸ್ಟರ್‌ನಿಂದಲೂ ತೆಗೆಯಿರಿ.