ಮೇಕೊ ಕಾಜಿಯ ಚಿತ್ರಗಳನ್ನು ನೋಡುವ ಕ್ರಮ

ಆಟದ ಋತು ಮುಗಿಯುವ ದಿನವಾದ ಪತ್ತನಾಜೆ ಕಳೆದು ಯಕ್ಷಗಾನ ಮೇಳಗಳು ಗೆಜ್ಜೆ ಬಿಚ್ಚಿದ ಮೇಲೆ ಉಡುಪಿಯಲ್ಲಿ ರಾತ್ರಿ ನಿದ್ದೆಗೆಟ್ಟು ನೋಡುವಂಥದ್ದು ಹೆಚ್ಚೇನೂ ಇರುವುದಿಲ್ಲ. ಈ ಮಳೆಗಾಲದಲ್ಲಿ ಜಪಾನಿನ ನಟಿ ಮೇಕೊ ಕಾಜಿಯ ಚಿತ್ರಗಳನ್ನು ನೋಡಬಯಸುವವರು, ಅವು ರಕ್ತಪಾತ, ನಗ್ನತೆ ಮತ್ತು ಲೈಂಗಿಕ ಹಿಂಸೆಯ ದೃಶ್ಯಗಳಿರುವ, ವಯಸ್ಕರಿಗಷ್ಟೇ ತಕ್ಕ ಚಿತ್ರಗಳೆಂಬುದನ್ನು ಮೊದಲು ತಿಳಿದಿರಬೇಕು. ಮನೆಮಂದಿಯೆಲ್ಲ ಸೇರುವ ಚಾವಡಿಯಲ್ಲಿ ಹಾಕುವಂಥವಲ್ಲ. ಹಾಲಿವುಡ್ ಚಿತ್ರ ‘ಕಿಲ್ ಬಿಲ್’ನಲ್ಲಿ ಆಕೆಯ ಹಾಡು ಕೇಳಿ ಬಂದವರು ಸಾಮಾನ್ಯವಾಗಿ 1973ರ ‘ಲೇಡಿ ಸ್ನೋಬ್ಲಡ್’ನಿಂದ ಆರಂಭಿಸುತ್ತಾರೆ. ನನ್ನ ಮಟ್ಟಿಗೆ ಅದು ಅವಸರ.

1965ರಲ್ಲಿ ನಿಕ್ಕಾತ್ಸು ಚಿತ್ರಸಂಸ್ಥೆಯಲ್ಲಿ ಮಸಾಕೊ ಓಟ ಎಂಬ ನಿಜನಾಮದಲ್ಲೇ ಬಣ್ಣ ಹಚ್ಚಿದ ಈಕೆಯ ಆರಂಭದ ವರ್ಷಗಳಿಂದ, 1970ರ ‘ಸ್ಟ್ರೇ ಕ್ಯಾಟ್ ರಾಕ್’ ಸರಣಿಯ ಒಂದು ಚಿತ್ರ ನೋಡಿದರೆ ಸಾಕು. 1971ರ ಕೊನೆಯಲ್ಲಿ ಆ ಸಂಸ್ಥೆ ಕಾಮಪ್ರಧಾನ ಚಿತ್ರಗಳತ್ತ ಹೊರಳಿದಾಗ ಆಕೆ ತೋಯೆ ಸಂಸ್ಥೆಯನ್ನು ಸೇರಿದಳು. ನಿಜವಾದ ಆಟ ಶುರುವಾಗುವುದು ಅಲ್ಲಿಂದ.

1972ರ ‘ಫೀಮೇಲ್ ಪ್ರಿಸನರ್ 701: ಸ್ಕಾರ್ಪಿಯನ್’ ಮಾಂಗಾ (ಜಪಾನಿ ಕಾಮಿಕ್ಸ್) ಸರಣಿಯೊಂದನ್ನು ಆಧರಿಸಿದ್ದು, ಅಲ್ಲಿ ಬೈಗುಳವಾಡುವ ನಾಯಕಿಯನ್ನು ತೆರೆಯ ಮೇಲೆ ಬಹುತೇಕ ಮೌನಿಯಾಗಿಸಬೇಕೆಂದು ಕಾಜಿಯೇ ಪಟ್ಟು ಹಿಡಿದಳು. ಆದ್ದರಿಂದ ನೋಡುವಾಗ ಮಾತನ್ನಲ್ಲ, ಕಣ್ಣನ್ನು ಹಿಂಬಾಲಿಸಬೇಕು. ಯಕ್ಷಗಾನದಲ್ಲಿ ಪರದೆಯ ಹಿಂದೆ ನಡೆಯುವ ತೆರೆಕುಣಿತದ ಹೊತ್ತಿಗೆ, ರಾಕ್ಷಸ ಪಾತ್ರವಾದ ಬಣ್ಣದ ವೇಷದ ಕಣ್ಣನ್ನು ಕಾದು ಕುಳಿತು ಅಭ್ಯಾಸವಿರುವ ನಮ್ಮ ಕಡೆಯವರಿಗೆ ಇದನ್ನು ಹೇಳಿಕೊಡಬೇಕಾಗಿಲ್ಲ. ಅದೇ ವರ್ಷ ಬಂದ, ಈ ಚಿತ್ರಸರಣಿಯ ಎರಡನೆಯ ಭಾಗದ ಆರಂಭವನ್ನು ಉಪಶೀರ್ಷಿಕೆ ತೆಗೆದು ಎರಡು ಬಾರಿ ನೋಡಿ: ಕೈಕಾಲು ಕಟ್ಟಿ ನೆಲಮಾಳಿಗೆಯಲ್ಲಿ ಕೆಡವಿರುವ ಹೆಣ್ಣು, ಚಮಚವನ್ನು ಹಲ್ಲಿನಲ್ಲಿ ಕಚ್ಚಿ ಕಲ್ಲುನೆಲಕ್ಕೆ ಉಜ್ಜುತ್ತಾ ಹರಿತಗೊಳಿಸುತ್ತಿರುತ್ತಾಳೆ. ಮುಂದೆ ಪಾಳುಬಿದ್ದ ಹಳ್ಳಿಯ ಮುದುಕಿಯ ದೃಶ್ಯದಲ್ಲಿ, ಜೈಲಿನಿಂದ ತಪ್ಪಿಸಿಕೊಂಡ ಹೆಂಗಸರ ಅಪರಾಧಗಳನ್ನು ಹಾಡಿನಲ್ಲೇ ನಿರೂಪಿಸಲಾಗುತ್ತದೆ. ಭಾಗವತರ ಪದ್ಯಕ್ಕೆ ಒಗ್ಗಿದ ಕಿವಿಗೆ ಈ ಕ್ರಮ ವಿಚಿತ್ರವೆನಿಸದು.

ಮೊದಲ ಮೂರು ಭಾಗಗಳು ಶುನ್ಯಾ ಇಟೊ ನಿರ್ದೇಶನದವು. ಯಸುಹಾರು ಹಸೆಬೆ ನಿರ್ದೇಶಿಸಿದ ನಾಲ್ಕನೆಯದನ್ನು ಬಿಟ್ಟರೂ ನಷ್ಟವಿಲ್ಲ. ಆಮೇಲೆ ‘ಲೇಡಿ ಸ್ನೋಬ್ಲಡ್’ ನೋಡಿದರೆ, ಬಿಳಿ ಕಿಮೊನೊದ ಮೇಲಿನ ರಕ್ತಕ್ಕಿಂತ ಆ ಮುಖದ ನಿಶ್ಚಲತೆಯೇ ಮೊದಲು ಕಾಣಿಸುತ್ತದೆ.

ಕೊನೆಗೆ, ಯಸುಜೊ ಮಸುಮುರ 1978ರಲ್ಲಿ ಜಪಾನಿನ ನಾಟಕಕಾರ ಚಿಕಾಮತ್ಸುವಿನ ಬೊಂಬೆಯಾಟದ ನಾಟಕದಿಂದ ರೂಪಿಸಿದ, ಸೊನೆಜಾಕಿಯ ಪ್ರೇಮಿಗಳ ಆತ್ಮಹತ್ಯೆಯ ಚಿತ್ರವನ್ನು ಉಪಶೀರ್ಷಿಕೆ ಹಾಕಿಕೊಂಡೇ ನೋಡಿ. ಅಲ್ಲಿ ಆಕೆ ಬಾಯ್ತುಂಬ ಮಾತನಾಡುತ್ತಾಳೆ.