ಡಿಬ್ರೈಡ್‌ಮೆಂಟ್ ಅಂದರೆ ಏನು, ನಾನು ಅದನ್ನು ಹೇಗೆ ಮಾಡುತ್ತೇನೆ

ಶುಗರ್ ಇರುವವರ ಕಾಲಿನ ಗಾಯ ಕೊಳೆತಾಗ ಕೇಸ್ ಶೀಟಿನಲ್ಲಿ ನಾವು ಬರೆಯುವ ಪದ ಡಿಬ್ರೈಡ್‌ಮೆಂಟ್. ನಾನು ಮಂಡ್ಯ ಕಡೆಯ ಒಂದು ಆಸ್ಪತ್ರೆಯಲ್ಲಿ ಜನರಲ್ ಸರ್ಜನ್. ನನ್ನ ಓಟಿ ಲಿಸ್ಟಿನಲ್ಲಿ ಈ ಆಪರೇಷನ್ ಇಲ್ಲದ ವಾರ ಅಪರೂಪ. ಆದರೂ ಒಪ್ಪಿಗೆ ಪತ್ರಕ್ಕೆ ಸಹಿ ಹಾಕುವ ಮನೆಯವರಿಗೆ ಇದು ಏನು ಅಂತ ಯಾರೂ ಸರಿಯಾಗಿ ಹೇಳಿರುವುದಿಲ್ಲ. ಕೆಲವರು ‘ಗಾಯ ತೊಳೀತಾರಂತೆ’ ಅಂತ ಹಗುರವಾಗಿ ತೆಗೆದುಕೊಳ್ಳುತ್ತಾರೆ. ಇನ್ನು ಕೆಲವರು ‘ಕಾಲೇ ತೆಗೀತಾರಂತೆ’ ಅಂತ ಹೆದರಿ ಡಿಸ್ಚಾರ್ಜ್ ಕೇಳುತ್ತಾರೆ. ಎರಡೂ ಸರಿಯಲ್ಲ. ಹೆದರಿ ಮನೆಗೆ ಹೋದವರು ವಾರ ಬಿಟ್ಟು ವಾಪಸ್ ಬಂದಾಗ ನಿಜವಾಗಿಯೂ ಕಾಲಿಗೇ ಕುತ್ತು ಬಂದಿರುತ್ತದೆ. ಅದಕ್ಕೇ ಇದನ್ನು ಬಿಡಿಸಿ ಬರೆಯಬೇಕು ಅನ್ನಿಸಿತು.

ಗಾಯದೊಳಗೆ ಸತ್ತುಹೋದ ಚರ್ಮ, ಕೊಬ್ಬು, ಮಾಂಸ, ಬೇಕಾದರೆ ಮೂಳೆಯ ಚೂರನ್ನೂ ಕತ್ತರಿಸಿ ತೆಗೆದು, ಜೀವ ಇರುವ ಜಾಗ ಸಿಗುವವರೆಗೆ ಹೋಗುವುದು ಡಿಬ್ರೈಡ್‌ಮೆಂಟ್. ‘ಜೀವ ಇರುವ ಜಾಗ ಸಿಗುವವರೆಗೆ’ ಅನ್ನುವುದೇ ಇದರಲ್ಲಿ ಮುಖ್ಯ. ಮೇಲಿನ ಕೀವು ಒರೆಸಿ ಬ್ಯಾಂಡೇಜ್ ಕಟ್ಟಿದರೆ ಅದು ಡ್ರೆಸ್ಸಿಂಗ್. ಗಡ್ಡೆಗೆ ಒಂದು ಗೀರು ಕೊಟ್ಟು ಕೀವು ಬಿಟ್ಟರೆ ಅದು ಡ್ರೈನೇಜ್. ಬೆರಳನ್ನೋ ಪಾದವನ್ನೋ ಪೂರ್ತಿ ತೆಗೆದರೆ ಆಂಪ್ಯುಟೇಶನ್. ಒಂದೇ ಆಪರೇಷನ್ನಿನಲ್ಲಿ ಈ ಮೂರನ್ನೂ ಮಾಡಬೇಕಾಗಿ ಬರಬಹುದು. ಆದರೆ ಒಂದರ ಹೆಸರನ್ನು ಇನ್ನೊಂದಕ್ಕೆ ಇಡಬಾರದು.

‘ಇಂಜೆಕ್ಷನ್ನಲ್ಲೇ ವಾಸಿ ಮಾಡಿ ಸಾರ್’ ಅಂತ ತುಂಬಾ ಜನ ಕೇಳುತ್ತಾರೆ. ಕೇಳುವುದು ಸಹಜ. ಆದರೆ ಆಂಟಿಬಯೋಟಿಕ್ ಹೋಗುವುದು ರಕ್ತದ ಜೊತೆ. ಸತ್ತ ಮಾಂಸಕ್ಕೆ ರಕ್ತ ಹೋಗುವುದಿಲ್ಲ, ಹಾಗಾಗಿ ಔಷಧಿಯೂ ಅಲ್ಲಿಗೆ ಮುಟ್ಟುವುದಿಲ್ಲ. ಬ್ಯಾಕ್ಟೀರಿಯಾಗಳಿಗೆ ಮಾತ್ರ ಅಲ್ಲಿ ತಿನ್ನಲು ಬೇಕಾದಷ್ಟು ಇರುತ್ತದೆ. ಎಷ್ಟು ದುಬಾರಿ ಇಂಜೆಕ್ಷನ್ ಕೊಟ್ಟರೂ ಆ ಜಾಗ ಹಾಗೇ ಉಳಿಯುತ್ತದೆ.

ಪದ ಫ್ರೆಂಚ್ ಭಾಷೆಯದು, ಕಡಿವಾಣ ಬಿಚ್ಚುವುದು ಅಂತ ಮೂಲ ಅರ್ಥ. ಪ್ಯಾರಿಸ್ಸಿನ ಓಟೆಲ್ ದ್ಯೂ ಆಸ್ಪತ್ರೆಯಲ್ಲಿ ಮುಖ್ಯ ಸರ್ಜನ್ ಆಗಿದ್ದು 1795ರಲ್ಲಿ ತೀರಿಕೊಂಡ ಪಿಯೆರ್ ಜೋಸೆಫ್ ದೆಸೊ ಇದನ್ನು ಗಾಯಗಳಿಗೆ ಬಳಕೆಗೆ ತಂದರು. ಊದಿಕೊಂಡ ಮಾಂಸವನ್ನು ಬಿಗಿದು ಹಿಡಿದಿರುವ ಪೊರೆಯನ್ನು ಸೀಳಿ ಸಡಿಲ ಮಾಡುವುದು ಮೊದಲಿನ ಅರ್ಥವಾಗಿತ್ತು. ಅವರ ಶಿಷ್ಯ ಲಾರೆ ಅದನ್ನು ನೆಪೋಲಿಯನ್ನನ ಯುದ್ಧಭೂಮಿಗೆ ಒಯ್ದರು. ಸತ್ತದ್ದನ್ನೆಲ್ಲ ಕತ್ತರಿಸಿ ತೆಗೆಯುವುದು ಅನ್ನುವ ಈಗಿನ ಅರ್ಥ ಗಟ್ಟಿಯಾಗಿದ್ದು ಮೊದಲ ಮಹಾಯುದ್ಧದಲ್ಲಿ. ಬೆಲ್ಜಿಯಂನ ಸರ್ಜನ್ ಆಂಟ್ವಾನ್ ದೆಪಾಜ್ ಸೈನಿಕರ ಗಾಯಗಳನ್ನು ಅಗಲವಾಗಿ ತೆರೆದು, ಸತ್ತ ಮಾಂಸ ತೆಗೆದು, ಹೊಲಿಯದೆ ಬಿಟ್ಟು, ಸೋಂಕು ಇಳಿದ ಮೇಲೆ ಮುಚ್ಚುತ್ತಿದ್ದರು. ಶುಗರ್ ಕಾಲಿಗೆ ನಾವು ಇವತ್ತು ಮಾಡುವುದೂ ಬಹುಮಟ್ಟಿಗೆ ಅದನ್ನೇ. ಹಳೆಯ ಅರ್ಥವನ್ನು ನಾನು ಕೈಬಿಟ್ಟಿಲ್ಲ. ಅಂಗಾಲಿನ ಒಳಗೆ ಕೀವು ಬಿಗಿಯಾಗಿ ಸಿಕ್ಕಿಕೊಂಡಿದ್ದರೆ ಮೊದಲು ಅದನ್ನು ಬಿಡಿಸಬೇಕು, ಕತ್ತರಿಸಿ ತೆಗೆಯುವುದು ಆಮೇಲೆ.

ಬ್ಲೇಡ್ ಹಿಡಿಯುವ ಮುಂಚೆ ಒಂದು ವಿಷಯ ಖಚಿತವಾಗಬೇಕು: ಈ ಕಾಲಿಗೆ ರಕ್ತ ಬರುತ್ತಿದೆಯಾ? ಪಾದದ ಮೇಲೆ ಮತ್ತು ಕಣಕಾಲಿನ ಒಳಬದಿಯ ಗಂಟಿನ ಹಿಂದೆ ನಾಡಿ ಮುಟ್ಟಿ ನೋಡುತ್ತೇನೆ. ಊತದಿಂದ ಗೊತ್ತಾಗದಿದ್ದರೆ ರಕ್ತದ ಹರಿವಿನ ಸದ್ದು ಕೇಳಿಸುವ, ಕೈಯಲ್ಲಿ ಹಿಡಿಯುವ ಡಾಪ್ಲರ್ ಯಂತ್ರ ಇಡುತ್ತೇನೆ. ಕಾಲಿನ ಬಿಪಿಯನ್ನು ತೋಳಿನ ಬಿಪಿಯಿಂದ ಭಾಗಿಸುವ ಲೆಕ್ಕ ಒಂದಿದೆ, 0.9ಕ್ಕಿಂತ ಕಡಿಮೆ ಬಂದರೆ ರಕ್ತನಾಳ ಕಿರಿದಾಗಿದೆ ಅಂತ. ಆದರೆ ಶುಗರ್ ಇರುವವರಲ್ಲಿ ರಕ್ತನಾಳದ ಗೋಡೆ ಗಡಸಾಗಿ ಅಂಕಿ ಸುಳ್ಳು ಸುಳ್ಳೇ ಜಾಸ್ತಿ ಬರುತ್ತದೆ. 1.4ಕ್ಕಿಂತ ಮೇಲೆ ಬಂದರೆ ನಾನು ಆ ಅಂಕಿಯನ್ನು ನಂಬುವುದಿಲ್ಲ. ಬೆರಳು ಕಪ್ಪಾಗಿ, ಒಣಗಿ, ಕೀವು ವಾಸನೆ ಏನೂ ಇಲ್ಲದೆ ಗಟ್ಟಿಯಾಗಿ ನಿಂತಿದ್ದರೆ ಕೈ ಹಚ್ಚುವುದೇ ಇಲ್ಲ. ರಕ್ತವೇ ಬಾರದ ಕಾಲಿನಲ್ಲಿ ಕತ್ತರಿಸಿದ ಅಂಚೂ ಸಾಯುತ್ತದೆ. ಅಂಥವರನ್ನು ಮೊದಲು ರಕ್ತನಾಳದ ಡಾಕ್ಟರ ಹತ್ತಿರ ಕಳಿಸುತ್ತೇನೆ. ರಕ್ತದ ಹರಿವು ಸರಿ ಮಾಡಿದ ಮೇಲೇ ಚಾಕು. ಆದರೆ ಅದೇ ಕಾಲಿನಲ್ಲಿ ಕೀವು ತುಂಬಿ ಜ್ವರ ಬಂದಿದ್ದರೆ ಲೆಕ್ಕ ಬೇರೆ. ಆಗ ಕೀವು ಹೊರಗೆ ಬಿಡುವುದನ್ನು ತಡ ಮಾಡುವ ಹಾಗಿಲ್ಲ.

ಎಕ್ಸ್‌ರೇ ತೆಗೆಸುತ್ತೇನೆ. ಮೂಳೆ ಸವೆದಿದೆಯಾ, ಮಾಂಸದ ಮಧ್ಯೆ ಗಾಳಿಯ ನೆರಳು ಇದೆಯಾ ಅಂತ ನೋಡಬೇಕು. ಮೊಂಡು ತುದಿಯ ಉಕ್ಕಿನ ಕಡ್ಡಿಯನ್ನು ಗಾಯದೊಳಗೆ ಮೆಲ್ಲಗೆ ಇಳಿಸುತ್ತೇನೆ. ತುದಿಗೆ ಕಟ್ ಅಂತ ಗಟ್ಟಿ ಸಿಕ್ಕರೆ ಮೂಳೆಗೂ ಸೋಂಕು ಹೋಗಿರುವ ಸಾಧ್ಯತೆ ಜಾಸ್ತಿ. ಇದೆಲ್ಲ ನಡೆಯುವಾಗಲೇ ಡ್ರಿಪ್, ಇನ್ಸುಲಿನ್, ಆಂಟಿಬಯೋಟಿಕ್ ಶುರುವಾಗಿರುತ್ತದೆ.

ಓಟಿಯಲ್ಲಿ ತೊಡೆಗೆ ಪಟ್ಟಿ ಬಿಗಿದು ರಕ್ತ ನಿಲ್ಲಿಸುವುದು ನನಗೆ ಇಷ್ಟವಿಲ್ಲ. ರಕ್ತ ಬರುತ್ತಿದೆಯೋ ಇಲ್ಲವೋ ಅನ್ನುವುದೇ ಇಲ್ಲಿ ನನಗೆ ದಾರಿ ತೋರಿಸುವುದು. ಅಂಗಾಲಿನಲ್ಲಿ ಗೀರು ಯಾವಾಗಲೂ ಉದ್ದಕ್ಕೆ, ಅಡ್ಡಕ್ಕಲ್ಲ. ಅಡ್ಡ ಕೊಯ್ದರೆ ಮುಂದಿನ ಭಾಗಕ್ಕೆ ಹೋಗುವ ರಕ್ತನಾಳವೇ ಕತ್ತರಿಸಿ ಹೋಗಬಹುದು. ಆಮೇಲೆ ಕಣಕಾಲಿನಿಂದ ಪಾದದ ಕಡೆಗೆ ಹೆಬ್ಬೆರಳಿನಿಂದ ಒತ್ತುತ್ತಾ ಬರುತ್ತೇನೆ. ಎಲ್ಲೋ ಮೇಲಿನಿಂದ ಕೀವು ಇಳಿದು ಬಂದರೆ ಸೋಂಕು ಟೆಂಡನ್ ಹಿಡಿದುಕೊಂಡು ಮೇಲಕ್ಕೆ ಹತ್ತಿದೆ ಅಂತ. ಬೆರಳುಗಳನ್ನು ಆಡಿಸುವ ಬಿಳಿ ಹುರಿಗಳೇ ಟೆಂಡನ್. ಕೀವಿಗೆ ಅದಕ್ಕಿಂತ ಸುಲಭದ ದಾರಿ ಬೇರೆ ಇಲ್ಲ. ದಾರಿ ಎಲ್ಲಿಯವರೆಗೆ ಹೋಗಿದೆಯೋ ಅಲ್ಲಿಯವರೆಗೆ ತೆರೆಯಬೇಕು. ಗೀರು ಚಿಕ್ಕದಾಗಿರಲಿ ಅಂತ ಮನೆಯವರಿಗೂ ಆಸೆ, ನಮಗೂ ಆಸೆ. ಆದರೆ ಒಳಗೆ ಒಂದು ಜೇಬು ಉಳಿದರೂ ಸೋಂಕು ಅಲ್ಲಿಂದಲೇ ಮತ್ತೆ ಎದ್ದು ಬರುತ್ತದೆ.

ಸತ್ತದ್ದು ಯಾವುದು, ಬದುಕಿರುವುದು ಯಾವುದು ಅಂತ ಗುರುತಿಸುವುದು ಈ ಕೆಲಸದ ಜೀವಾಳ. ಚರ್ಮದ ಅಂಚು ಕತ್ತರಿಸಿದಾಗ ಸಣ್ಣ ಸಣ್ಣ ಚುಕ್ಕಿಯಾಗಿ ರಕ್ತ ಒಸರಬೇಕು. ಕೊಬ್ಬು ಹೊಳೆಯುವ ಹಳದಿ ಇರಬೇಕು. ಬೂದು ಬಣ್ಣಕ್ಕೆ ತಿರುಗಿ, ಒಳಗಿನ ಸಣ್ಣ ರಕ್ತನಾಳಗಳು ಕಪ್ಪು ದಾರದ ಹಾಗೆ ಹೆಪ್ಪುಗಟ್ಟಿದ್ದರೆ ಅದು ಹೋಗಬೇಕು. ಮಾಂಸದ ಮೇಲಿನ ಪೊರೆ ಬಿಳಿಯಾಗಿ ಗಟ್ಟಿಯಾಗಿದ್ದರೆ ಉಳಿಸುತ್ತೇನೆ, ಮಂಕಾಗಿ ಎಳೆ ಎಳೆಯಾಗಿ ಕಿತ್ತು ಬಂದರೆ ತೆಗೆಯುತ್ತೇನೆ. ಮಾಂಸಕ್ಕೆ ನಮ್ಮವರು ನಾಲ್ಕು ಪರೀಕ್ಷೆ ಕಲಿಸುತ್ತಾರೆ: ಬಣ್ಣ ಕೆಂಪಾಗಿದೆಯಾ, ಮುಟ್ಟಿದರೆ ಬಿಗಿ ಇದೆಯಾ, ಫೋರ್ಸೆಪ್ಸ್‌ನಲ್ಲಿ ಚಿವುಟಿದರೆ ಕುಗ್ಗುತ್ತದಾ, ಕತ್ತರಿಸಿದರೆ ರಕ್ತ ಬರುತ್ತದಾ. ನಾನು ಕೊನೆಯ ಎರಡನ್ನು ಜಾಸ್ತಿ ನಂಬುತ್ತೇನೆ. ಬಣ್ಣ ಓಟಿ ಲೈಟಿನ ಕೆಳಗೆ ಮೋಸ ಮಾಡಬಹುದು.

ಕಲ್ಚರ್‌ಗೆ, ಅಂದರೆ ಬ್ಯಾಕ್ಟೀರಿಯಾ ಯಾವುದು ಅಂತ ಬೆಳೆಸಿ ನೋಡುವ ಪರೀಕ್ಷೆಗೆ, ಸ್ಯಾಂಪಲ್ ಕಳಿಸುವುದು ಇದೆಲ್ಲ ಆದ ಮೇಲೆ, ಗಾಯದ ಆಳದಿಂದ ಒಂದು ಚೂರು ತೆಗೆದು. ಮೇಲಿನ ಕೀವಿಗೆ ಹತ್ತಿ ಅದ್ದಿ ಕಳಿಸಿದರೆ ಚರ್ಮದ ಮೇಲಿರುವ ಎಲ್ಲದರ ಹೆಸರೂ ರಿಪೋರ್ಟಿನಲ್ಲಿ ಬರುತ್ತದೆ. ನಿಜವಾಗಿ ತೊಂದರೆ ಕೊಡುತ್ತಿರುವುದು ಯಾವುದು ಅಂತ ಗೊತ್ತಾಗುವುದಿಲ್ಲ. ಕೊನೆಗೆ ಸಲೈನ್‌ನಲ್ಲಿ ಧಾರಾಳವಾಗಿ ತೊಳೆಯುತ್ತೇವೆ. ಹೈಡ್ರೋಜನ್ ಪೆರಾಕ್ಸೈಡ್ ಸುರಿದು ನೊರೆ ಬರಿಸುವುದು ಬೇಡ, ಅದು ಬದುಕಿರುವ ಕಣಗಳನ್ನೂ ಸುಡುತ್ತದೆ.

ಕಬ್ಬಿನ ಗದ್ದೆಯಲ್ಲಿ ಕೆಲಸ ಮಾಡುವ ಯಜಮಾನರೊಬ್ಬರು ಬಂದಿದ್ದರು. ಅಂಗಾಲಿಗೆ ಕಬ್ಬಿನ ಕೂಳೆ ಚುಚ್ಚಿತ್ತು. ಮನೆಯಲ್ಲಿ ಅರಿಶಿನ, ಆಮೇಲೆ ಕಾಫಿ ಪುಡಿ ಮೆತ್ತಿದ್ದರು. ಹೊರಗೆ ಕಾಣುತ್ತಿದ್ದದ್ದು ಕಡಲೆಕಾಳಿನಷ್ಟು ತೂತು. ಪಾದದ ಮೇಲ್ಭಾಗ ಮಾತ್ರ ಕೆಂಪಾಗಿ ಊದಿತ್ತು. ಮಗ ಕೇಳಿದ: “ಸಾರ್, ನಮ್ಮಪ್ಪಂಗೆ ನೋವೇ ಇಲ್ಲ ಅಂತಾರೆ. ಇಷ್ಟು ಅರ್ಜೆಂಟ್ ಯಾಕೆ?”

“ನೋವಿಲ್ಲದೇ ಇರೋದ್ರಿಂದಲೇ ಅರ್ಜೆಂಟ್ ಕಣಪ್ಪ. ಶುಗರ್‌ನಿಂದ ಕಾಲಿನ ನರ ಮರಗಟ್ಟಿದೆ. ಒಳಗೆ ಎಷ್ಟು ಕೊಳೆತಿದ್ರೂ ಅವರಿಗೆ ಗೊತ್ತಾಗಲ್ಲ.”

ಯಜಮಾನರು ಕೇಳಿದ್ದು ಒಂದೇ: “ಕಾಲು ಉಳೀತದಾ ಸ್ವಾಮಿ?”

“ಉಳಿಸೋಕೇ ಹೋಗ್ತಿರೋದು ಯಜಮಾನ್ರೇ. ಒಂದು ಬೆರಳು ಹೋಗಬಹುದು. ಒಳಗೆ ನೋಡಿದ ಮೇಲೆ ಹೇಳ್ತೀನಿ. ಇನ್ನೊಂದು ಸಲ ಓಟಿಗೆ ಬರಬೇಕಾಗಬಹುದು, ಈಗಲೇ ಹೇಳಿಬಿಡ್ತೀನಿ.”

ಈ ಕೊನೆಯ ಮಾತನ್ನು ನಾನು ಯಾರಿಗೂ ಹೇಳದೆ ಬಿಡುವುದಿಲ್ಲ. ಯಾವ ಮಾಂಸ ಬದುಕುತ್ತದೆ ಅಂತ ಮೊದಲ ದಿನ ಪೂರ್ತಿ ಹೇಳಲು ಆಗುವುದಿಲ್ಲ. ಅದಕ್ಕೇ ಗಾಯವನ್ನು ಹೊಲಿಯದೆ, ಸಡಿಲವಾಗಿ ಗಾಜ್ (gauze) ಬಟ್ಟೆ ಇಟ್ಟು, 24ರಿಂದ 48 ಗಂಟೆಯೊಳಗೆ ಬಿಚ್ಚಿ ನೋಡುತ್ತೇವೆ. ಬೇಕಾದರೆ ಮತ್ತೆ ಕತ್ತರಿಸುತ್ತೇವೆ. ಮೊದಲೇ ಹೇಳಿದ್ದರೆ ಎರಡನೇ ಆಪರೇಷನ್ ಚಿಕಿತ್ಸೆಯ ಭಾಗ ಅಂತ ಅವರಿಗೆ ಅರ್ಥವಾಗುತ್ತದೆ. ಹೇಳದಿದ್ದರೆ ‘ಮೊದಲನೇದು ಕೆಟ್ಟುಹೋಯ್ತು’ ಅಂತ ನಂಬಿಕೆ ಕಳೆದುಕೊಳ್ಳುತ್ತಾರೆ, ಅಲ್ವಾ? ಆ ಯಜಮಾನರ ಎರಡನೇ ಬೆರಳನ್ನು ಅದರ ಬುಡದ ಉದ್ದ ಮೂಳೆಯ ಜೊತೆ ತೆಗೆಯಬೇಕಾಯಿತು. ಪಾದ ಉಳಿಯಿತು. ಗಾಯ ಕೆಂಪು ಮಣಿಮಣಿಯಾಗಿ ತುಂಬಿ ಬಂದ ಮೇಲೆ ತೊಡೆಯ ತೆಳು ಚರ್ಮ ತೆಗೆದು ಮುಚ್ಚಿದೆವು.

ಚಾಕು ಒಂದೇ ದಾರಿ ಅಲ್ಲ. ಒದ್ದೆ ಜೆಲ್ ಹಾಕಿ ಸತ್ತ ಪದರ ತಾನಾಗಿ ಕರಗುವ ಹಾಗೆ ಮಾಡುವುದುಂಟು, ಕಿಣ್ವದ ಮುಲಾಮೂ ಉಂಟು. ನಿಧಾನ, ಆದರೆ ಆಪರೇಷನ್ ತಾಳಲಾಗದ ವಯಸ್ಸಾದವರಿಗೆ ಆಗುತ್ತದೆ. ಕೀವು ತುಂಬಿದ ಕಾಲಿಗೆ ಅಲ್ಲ. ಹುಳುಗಳ ಚಿಕಿತ್ಸೆ ಅಂತಲೂ ಇದೆ. ಮೊದಲ ಮಹಾಯುದ್ಧದಲ್ಲಿ ಹುಳು ಬಿದ್ದ ಗಾಯಗಳು ಒಳಗೆ ಶುಚಿಯಾಗಿದ್ದದ್ದನ್ನು ಅಮೆರಿಕದ ಸರ್ಜನ್ ವಿಲಿಯಂ ಬೇರ್ ಗಮನಿಸಿದ್ದರು. 2004ರಲ್ಲಿ ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ ಎಫ್‌ಡಿಎ ಅದಕ್ಕೆ ಅನುಮತಿಯನ್ನೂ ಕೊಟ್ಟಿತು. ಆದರೆ ಅವು ಲ್ಯಾಬಿನಲ್ಲಿ ಸೋಂಕಿಲ್ಲದಂತೆ ಬೆಳೆಸಿದ, ಸತ್ತ ಮಾಂಸ ಮಾತ್ರ ತಿನ್ನುವ ಜಾತಿಯವು. ನಮ್ಮಲ್ಲಿ ಗಾಯಕ್ಕೆ ನೊಣ ಮೊಟ್ಟೆ ಇಟ್ಟು ಬರುವ ಹುಳು ಬೇರೆ. ಅವು ಬದುಕಿರುವ ಮಾಂಸವನ್ನೂ ತಿನ್ನಬಹುದು. ಅವನ್ನು ಕಂಡರೆ ‘ಒಳ್ಳೇದಾಯ್ತು’ ಅಂತ ಬಿಡಬೇಡಿ.

ಕಿರಿಯ ಡಾಕ್ಟರುಗಳಿಗೆ ನಾನು ಒತ್ತಿ ಹೇಳುವುದು ನೋಟ್ಸ್ ಬಗ್ಗೆ. ‘ಡಿಬ್ರೈಡ್‌ಮೆಂಟ್ ಮಾಡಲಾಯಿತು’ ಅಂತ ಒಂದು ಸಾಲು ಬರೆದರೆ ಮುಂದೆ ನೋಡುವವರಿಗೆ ಏನೂ ತಿಳಿಯುವುದಿಲ್ಲ. ಗಾಯದ ಉದ್ದ, ಅಗಲ, ಆಳ ಎಷ್ಟು, ಚರ್ಮದವರೆಗೋ ಮಾಂಸದವರೆಗೋ ಮೂಳೆಯವರೆಗೋ, ಏನನ್ನು ತೆಗೆದಿರಿ, ಕೊನೆಯಲ್ಲಿ ರಕ್ತ ಬಂತಾ, ಅನುಮಾನದ ಜಾಗ ಯಾವುದು ಉಳಿಯಿತು, ಇಷ್ಟೂ ಇರಬೇಕು. ರೋಗಿ ನಾಳೆ ಮೈಸೂರಿಗೋ ಬೆಂಗಳೂರಿಗೋ ಹೋದರೆ ಅಲ್ಲಿಯ ಡಾಕ್ಟರಿಗೆ ಕಣ್ಣು ಈ ನೋಟ್ಸೇ. ಮನೆಯವರೂ ಕೇಳಬಹುದು: ಎಷ್ಟು ಆಳ ಹೋಯಿತು, ಮೂಳೆಗೆ ತಗುಲಿತ್ತಾ, ಮತ್ತೆ ಯಾವಾಗ ನೋಡುತ್ತೀರಿ. ಕೇಳಲು ಸಂಕೋಚ ಬೇಡ.

ಇಷ್ಟೆಲ್ಲ ಮಾಡಿ ಆ ಕಾಲಿನ ಮೇಲೇ ಭಾರ ಹಾಕಿ ನಡೆದರೆ ಗಾಯ ವಾಸಿಯಾಗುವುದಿಲ್ಲ. ಇದನ್ನು ನಮ್ಮ ಪಕ್ಕದ ವೆಲ್ಲೂರಿನಲ್ಲಿ ಕುಷ್ಠರೋಗಿಗಳ ಜೊತೆ ದುಡಿದ ಡಾಕ್ಟರ್ ಪಾಲ್ ಬ್ರ್ಯಾಂಡ್ ಮನವರಿಕೆ ಮಾಡಿಕೊಟ್ಟರು. ಬೆರಳುಗಳು ರೋಗದಿಂದ ಉದುರುವುದಿಲ್ಲ, ಸ್ಪರ್ಶ ಇಲ್ಲದ ಕಾಲಿಗೆ ಮತ್ತೆ ಮತ್ತೆ ಬೀಳುವ ಪೆಟ್ಟಿನಿಂದ ಹೋಗುತ್ತವೆ ಅಂತ ಅವರು ಕಂಡುಕೊಂಡಿದ್ದರು. ಶುಗರ್ ಕಾಲಿಗೂ ಅದೇ ಮಾತು. ಅದಕ್ಕೆ ಪಾದದ ಪ್ಲಾಸ್ಟರ್, ಆಮೇಲೆ ಮೆತ್ತನೆಯ ಎಂಸಿಆರ್ ರಬ್ಬರಿನ ಚಪ್ಪಲಿ. ಮನೆಯೊಳಗೂ ಬರಿಗಾಲು ಬೇಡ. ನಾಲ್ಕು ವಾರದಲ್ಲಿ ಗಾಯ ಅರ್ಧದಷ್ಟಾದರೂ ಚಿಕ್ಕದಾಗದಿದ್ದರೆ ಡ್ರೆಸ್ಸಿಂಗ್ ಬದಲಿಸುತ್ತಾ ಕೂರುವುದಿಲ್ಲ. ರಕ್ತದ ಹರಿವು, ಮೂಳೆ, ಚಪ್ಪಲಿ, ಶುಗರ್ ಎಲ್ಲವನ್ನೂ ಮೊದಲಿನಿಂದ ನೋಡುತ್ತೇನೆ. ಅಂಚಿನಲ್ಲಿ ಮತ್ತೆ ಆಣಿಯಂತೆ ಚರ್ಮ ದಪ್ಪ ಕಟ್ಟಿದ್ದರೆ ಅದನ್ನು ಓಪಿಡಿಯಲ್ಲೇ ಬ್ಲೇಡ್‌ನಿಂದ ಹೆರೆದು ತೆಗೆಯುತ್ತೇನೆ. ಅದೂ ಡಿಬ್ರೈಡ್‌ಮೆಂಟೇ.