ಇಟಲಿಯ ಆರಂಭಿಕ ಮೂಕ ಹಾಸ್ಯಚಿತ್ರಗಳನ್ನು ತೋರಿಸುವ ಕ್ರಮ

ಮಾಟುಂಗದ ಮೈಸೂರು ಅಸೋಸಿಯೇಶನ್‌ನಂತಹ ಸಭಾಂಗಣದಲ್ಲಿ ಮುಂಬಯಿ ಕನ್ನಡಿಗರಿಗಾಗಿ ಇಟಲಿಯ ಮೊದಲ ಮೂಕ ಹಾಸ್ಯಚಿತ್ರಗಳನ್ನು ತೋರಿಸಬೇಕೆಂದಿರುವವರು ಎಲ್ಲಕ್ಕಿಂತ ಮೊದಲು ಚಿತ್ರದ ವೇಗವನ್ನು ಸರಿಪಡಿಸಿಕೊಳ್ಳಬೇಕು. ಆ ಕಾಲದಲ್ಲಿ ಕ್ಯಾಮರಾವನ್ನು ಕೈಯಿಂದಲೇ ತಿರುಗಿಸುತ್ತಿದ್ದುದರಿಂದ ಸೆಕೆಂಡಿಗೆ ಸಾಮಾನ್ಯವಾಗಿ 16ರಿಂದ 18 ಫ್ರೇಮುಗಳು ಮಾತ್ರ ದಾಖಲಾಗುತ್ತಿದ್ದವು. ಅವನ್ನೇ ಇಂದಿನ 24 ಫ್ರೇಮುಗಳ ವೇಗದಲ್ಲಿ ಓಡಿಸಿದರೆ ನಟನ ಅಭಿನಯವೆಲ್ಲ ಬರೀ ಚಡಪಡಿಕೆಯಾಗಿ ಕಾಣುತ್ತದೆ. ಪರೀಕ್ಷಿಸಲು ನಾಯಕನನ್ನು ಬಿಟ್ಟು ಹಿಂದಿನ ಬೀದಿಯಲ್ಲಿ ಸುಮ್ಮನೆ ಹಾದುಹೋಗುವವರ ನಡಿಗೆಯನ್ನು ನೋಡಿ. ಅವರು ಸಹಜವಾಗಿ ನಡೆಯುತ್ತಿದ್ದರೆ ಆ ಪ್ರತಿಯನ್ನು ಮೊದಲೇ ತಿದ್ದಲಾಗಿದೆ ಎಂದರ್ಥ. ಇಲ್ಲದಿದ್ದರೆ ಪ್ಲೇಯರ್‌ನ ವೇಗವನ್ನು ಮುಕ್ಕಾಲು ಭಾಗಕ್ಕೆ ಇಳಿಸಿ ಮತ್ತೆ ನೋಡಿ. ಓಟದ ದೃಶ್ಯಗಳನ್ನು ಮಾತ್ರ ಅಳತೆಗೋಲಾಗಿಸಿಕೊಳ್ಳಬಾರದು, ಏಕೆಂದರೆ ಅಲ್ಲಿ ಬೇಕೆಂದೇ ವೇಗ ಹೆಚ್ಚಿಸಿರುವುದುಂಟು.

ಚಿತ್ರಗಳನ್ನು ಹುಡುಕುವಾಗ ಹೆಸರುಗಳ ಗೊಂದಲ ಎದುರಾಗುತ್ತದೆ, ಏಕೆಂದರೆ ಒಬ್ಬನೇ ಹಾಸ್ಯನಟನ ಪಾತ್ರಕ್ಕೆ ದೇಶ ಅಥವಾ ಸಂಸ್ಥೆ ಬದಲಾದಂತೆ ಹೆಸರೂ ಬದಲಾಗುತ್ತಿತ್ತು. ಫ್ರಾನ್ಸಿನಿಂದ 1909ರಲ್ಲಿ ಟ್ಯೂರಿನ್‌ನ ಇಟಾಲಾ ಫಿಲ್ಮ್ ಸಂಸ್ಥೆಗೆ ಬಂದ ಆಂದ್ರೆ ದೀದ್ ಇಟಲಿಯಲ್ಲಿ ಕ್ರೆಟಿನೆಟ್ಟಿ, ಫ್ರಾನ್ಸಿನಲ್ಲಿ ಗ್ರಿಬೂಯ್, ಇಂಗ್ಲೆಂಡಿನಲ್ಲಿ ಫೂಲ್ಸ್‌ಹೆಡ್. ಫರ್ಡಿನಾಂಡೊ ಗಿಯೋಮ್ ರೋಮಿನ ಚೀನೆಸ್ ಸಂಸ್ಥೆಯಲ್ಲಿ ತೊಂತೊಲೀನಿಯಾಗಿದ್ದವನು ಟ್ಯೂರಿನ್‌ಗೆ ಬಂದ ಮೇಲೆ ಪೊಲಿದೋರ್ ಆದ. ಹಾಸ್ಯನಟಿ ಲೇಯಾ ಜುಂಕಿಯ ಚಿತ್ರವೊಂದನ್ನಾದರೂ ಸೇರಿಸಿಕೊಳ್ಳಲೇಬೇಕು. ಹೆಂಗಸೊಬ್ಬಳು ಅಷ್ಟು ನಿರ್ಭಿಡೆಯಿಂದ ಬಿದ್ದೆದ್ದು ನಗಿಸುವುದನ್ನು ನಮ್ಮ ಪ್ರೇಕ್ಷಕರು ನೋಡಬೇಕು.

ಒಂದೊಂದು ಚಿತ್ರ ಸಾಮಾನ್ಯವಾಗಿ ಐದರಿಂದ ಹತ್ತು ನಿಮಿಷದ್ದಾದ್ದರಿಂದ ಆರು ಚಿತ್ರಗಳು ಸಾಕು. ಕ್ರೆಟಿನೆಟ್ಟಿಯ ಎರಡು ಚಿತ್ರಗಳನ್ನು ಒಂದರ ಹಿಂದೊಂದು ಇಡಬೇಡಿ, ಬೆನ್ನಟ್ಟುವುದು ಮತ್ತು ಒಡೆದುಹಾಕುವುದು ಎರಡರಲ್ಲೂ ಬಂದು ನಗು ಬತ್ತಿಹೋಗುತ್ತದೆ.

ನಡುನಡುವೆ ಬರುವ ಬರಹದ ಫಲಕಗಳನ್ನು ಮುಂಚಿತವಾಗಿ ಕನ್ನಡಿಸಿ, ಗಟ್ಟಿಯಾಗಿ ಓದಲು ಒಬ್ಬರನ್ನು ಗೊತ್ತುಮಾಡಿ. ಓದುವವರು ಫಲಕದಲ್ಲಿ ಇದ್ದಷ್ಟನ್ನೇ ಓದಲಿ, ವಿವರಣೆಗೆ ಇಳಿಯದಿರಲಿ. ಸಂಗೀತಕ್ಕೆ ಹಾರ್ಮೋನಿಯಂ ಮತ್ತು ತಬಲಾ ಧಾರಾಳವಾಗಿ ಸಾಕು. ಪ್ರತಿ ಬೀಳುವಿಕೆಗೂ ತಬಲಾ ಬಾರಿಸುವುದು ಅಭ್ಯಾಸಬಲದಿಂದ ಬಂದುಬಿಡುತ್ತದೆ, ಅದನ್ನು ತಡೆಯಬೇಕು. ಬೀಳುವ ಮುನ್ನ ಒಂದು ಕ್ಷಣ ವಾದ್ಯ ನಿಂತರೆ ಸಭೆಯ ನಗುವೇ ಆ ಜಾಗವನ್ನು ತುಂಬುತ್ತದೆ.

ಕೊನೆಗೆ ಮಾರ್ಸೆಲ್ ಫಾಬ್ರೆಯ 1914ರ ‘ಅಮೋರ್ ಪೆದೆಸ್ತ್ರೆ’ಯನ್ನು ಇಡಿ. ಮುಖಗಳನ್ನು ತೋರಿಸದೆ ಕಾಲುಗಳಿಂದಲೇ ಪ್ರೇಮಪ್ರಸಂಗವನ್ನು ಹೇಳುವ ಈ ಚಿತ್ರಕ್ಕೆ ಹಾರ್ಮೋನಿಯಂ ಬೇಡ. ಹೆಜ್ಜೆಗಳ ಲಯವನ್ನು ತಬಲಾ ಒಂದೇ ಹಿಡಿಯಲಿ.